ಗಿರಿಜಾಳ ಕೈ, ಶಾಂತವ್ವನ ರೊಟ್ಟಿ

ಹೋದ ವಾರ ಮೂಡಲಗಿಯಿಂದ ಇಬ್ಬರು ಹುಡುಗಿಯರು ನಮ್ಮ ಮನೆಗೆ ಬಂದಿದ್ದರು. ಕಾಲೇಜು ಮುಗಿಸಿ ಒಂದು ಧಾರಾವಾಹಿಯ ಪ್ರಾಪರ್ಟಿ ವಿಭಾಗಕ್ಕೆ ಸೇರಿದ್ದಾರಂತೆ. "ಕಾಕಾ, ನೀವು ಇಷ್ಟು ವರ್ಷ ಇದ ಕೆಲಸಾ ಮಾಡೀರಿ. ಖರೇನ ಏನ್ ಮಾಡಬೇಕಾಗತೈತಿ ಅಂತ ಹೇಳ್ರಿ," ಅಂದರು. ನನಗೆ ಎಲ್ಲಿಲ್ಲದ ಹುರುಪು ಬಂತು. ಮುಂದಿಟ್ಟ ಚಹಾ ಆರಿ ತಣ್ಣಗಾದರೂ ನನ್ನ ಬಾಯಿ ನಿಲ್ಲಲಿಲ್ಲ. ಪಾಪ, ಬಸ್ಸಿಗೆ ಹೊತ್ತಾಯಿತು ಅಂತ ಅವರೇ ಎದ್ದು ಹೋದರು. ಹೇಳಬೇಕಾದ ಮುಖ್ಯ ಸಂಗತಿ ನನ್ನ ಹೊಟ್ಟೆಯಲ್ಲೇ ಉಳಿಯಿತು. ಅದಕ್ಕೇ ಬರೆಯಲು ಕೂತಿದ್ದೇನೆ.

ಮೊದಲು ಕೆಲಸ ಏನು ಅಂತ ಹೇಳಿಬಿಡುತ್ತೇನೆ. ಟೀವಿಯಲ್ಲಿ ಸೊಸೆ ಅತ್ತೆಗೆ ಚಹಾ ಕೊಡುತ್ತಾಳೆ. ನೀವು ಸೊಸೆಯನ್ನು ನೋಡುತ್ತೀರಿ, ಅತ್ತೆಯನ್ನು ನೋಡುತ್ತೀರಿ. ನಾನು ಕಪ್ಪು-ಬಸಿ ನೋಡುತ್ತೇನೆ. ಆ ಕಪ್ಪು, ಆ ಬಸಿ, ಹಿಂದಿನ ಗೋಡೆಯ ಕ್ಯಾಲೆಂಡರು, ಮೂಲೆಯಲ್ಲಿ ಒರಗಿಸಿದ ಕಸಬರಿಗೆ, ಎಲ್ಲವನ್ನೂ ಯಾರೋ ಹೊತ್ತು ತಂದಿಟ್ಟಿರುತ್ತಾರೆ. ಆ ಯಾರೋ ಅನ್ನುವವನು ನಾನು, ಪ್ರಾಪರ್ಟಿ ಮಾನಪ್ಪ. ಸಾಮಾನು ಸರಿಯಾಗಿದ್ದರೆ ನಿಮ್ಮ ಹೆಸರು ಯಾರೂ ಎತ್ತುವುದಿಲ್ಲ. ತಪ್ಪಿದರೆ ಮಾತ್ರ ಇಡೀ ಸೆಟ್ಟು ನಿಮ್ಮ ಹೆಸರು ಕೂಗುತ್ತದೆ.

ನಮ್ಮದು ಗೋಕಾಕದಲ್ಲಿ ಕಟ್ಟಿಗೆಯ ಗೊಂಬೆ, ಹಣ್ಣು ಮಾಡಿ ಬಣ್ಣ ಬಳಿಯುವ ಮನೆತನ. ನಮ್ಮ ಅಪ್ಪ ಮಾಡಿದ ಬಾಳೆಹಣ್ಣನ್ನು ಸುಲಿಯಲು ನೋಡಿ ಉಗುರು ಮುರಿದುಕೊಂಡವರಿದ್ದಾರೆ. ನಾನು ಈ ಕೆಲಸಕ್ಕೆ ಬಂದದ್ದೇ ಹಣ್ಣಿನಿಂದ. ಯಾವುದೋ ಧಾರಾವಾಹಿಯವರು ಶ್ರೀಮಂತರ ಮನೆಯ ಮೇಜಿಗೆ ಇಡಲು ಒಂದು ಬುಟ್ಟಿ ಹಣ್ಣು ಕೇಳಿದರು, ನಾನು ಒಯ್ದು ಕೊಟ್ಟೆ. ಅದರಲ್ಲಿ ಒಬ್ಬ ಹಿರಿಯ ನಟರು ಮಗನನ್ನು ಬೈಯುತ್ತ ಬೈಯುತ್ತ ಆವೇಶದಲ್ಲಿ ಬುಟ್ಟಿಗೆ ಕೈ ಹಾಕಿ ಒಂದು ಪೇರಲ ಹಣ್ಣನ್ನು ಕಚ್ಚಿಬಿಟ್ಟರು. ಕಟ್ಟಿಸಿಕೊಂಡ ಹಲ್ಲಿನ ಸೆಟ್ಟು ಪೇರಲದಲ್ಲೇ ಉಳಿಯಿತು. ಅವರು ಬೊಚ್ಚು ಬಾಯಲ್ಲೇ ಉಳಿದ ಮಾತು ಮುಗಿಸಿದರು ನೋಡಿ, ಅಂಥ ಕಲಾವಿದರು! ಆಮೇಲೆ ನನ್ನ ಹೆಗಲ ಮೇಲೆ ಕೈಯಿಟ್ಟು, ನಿನ್ನ ಹಣ್ಣು ಬಹಳ ಚೆನ್ನಾಗಿದೆ ಕಣಯ್ಯಾ, ನಾಳೆಯಿಂದ ಒಂದು ನಿಜವಾದದ್ದನ್ನೂ ಇಡು ಅಂದರು. ಅಂದಿನಿಂದ ನಾನು ಪ್ರಾಪರ್ಟಿಯವನಾದೆ.

ಎಷ್ಟೋ ಧಾರಾವಾಹಿ ಮಾಡಿದೆ. ಆದರೆ ನನ್ನ ಜೀವ ಇರುವುದು ಒಂದೇ ಒಂದರಲ್ಲಿ. ಅದಕ್ಕೆ ಬೇರೆ ಏನೋ ಚಂದದ ಹೆಸರಿತ್ತು. ನಮ್ಮ ಕಡೆಯ ಮಂದಿ ಅದನ್ನು "ಎರಡ ಮನಿ ಗಿರಿಜಾ" ಅಂತಲೇ ಕರೆದರು, ನಮಗೂ ಅದೇ ಬಾಯಿಗೆ ಕೂತಿತು. ಗಿರಿಜಾ ಮೂಡಲಗಿಯ ಒಂದು ಒಕ್ಕಲುತನದ ಮನೆಯ ಸೊಸೆ. ತಲೆ ತುಂಬ ಸೆರಗು, ನೆಲ ನೋಡುವ ಕಣ್ಣು, ಒಲೆ ಮುಂದೆ ರೊಟ್ಟಿ. ಗೋಕಾಕಕ್ಕೆ ಹೊಲಿಗೆ ಕಲಿಯಲು ಹೋಗುತ್ತೇನೆ ಅಂತ ಮನೆಯಲ್ಲಿ ಹೇಳಿ ಹೊರಡುತ್ತಾಳೆ. ಹೋಗುವುದು ಎಲ್ಲಿಗೆ? ಹುಕ್ಕೇರಿ ದಾಟಿ ಕಣಗಲಾ ಹತ್ತಿರದ ಹೆದ್ದಾರಿಗೆ! ಅಲ್ಲಿ ಆಕೆಯ ಹೆಸರು ರೂಪಾ. ತೀರಿಹೋದ ಅಪ್ಪನ ಲಾರಿಗಳನ್ನು ಯಾರಿಗೂ ಗೊತ್ತಾಗದಂತೆ ತಾನೇ ನಡೆಸುತ್ತಿರುತ್ತಾಳೆ. ಇಲ್ಲಿ ಅತ್ತೆಯೆದುರು ತುಟಿ ಬಿಚ್ಚದವಳು ಅಲ್ಲಿ ಡ್ರೈವರುಗಳನ್ನು ನಿಂತ ಕಾಲ ಮೇಲೆ ನಡುಗಿಸುತ್ತಾಳೆ. ಸಂಜೆ ಇದು ಬರುವ ಹೊತ್ತಿಗೆ ಅಂಕಲಗಿಯಿಂದ ಸಂಕೇಶ್ವರದ ತನಕ ಒಲೆಯ ಮೇಲಿನ ಪಲ್ಯ ಹೊತ್ತುತ್ತಿತ್ತು ಅಂದರೆ ಉತ್ಪ್ರೇಕ್ಷೆ ಅಲ್ಲ.

ನನಗೆ ಎರಡು ಮನೆ ಅಂದರೆ ಎರಡು ಟ್ರಂಕು. ಕೆಂಪು ಟ್ರಂಕಿನಲ್ಲಿ ಮೂಡಲಗಿ ಮನೆಯ ಸಾಮಾನು, ನೀಲಿಯದರಲ್ಲಿ ಹೆದ್ದಾರಿಯ ಲಾರಿ ಆಫೀಸಿನದು. ಕೆಂಪಿನದು ನೀಲಿಗೆ ಹೋಗಬಾರದು, ಅಷ್ಟೇ ಕಾನೂನು. ನಾನೇ ಮಾಡಿದ ಕಾನೂನು, ನಾನೇ ಮುರಿದೆ. ನಮ್ಮ ಕಡೆ ಮದುವೆಗೆ ಕೊಡುವ ಸ್ಟೀಲ್ ಸಾಮಾನಿನ ಮೇಲೆ ಕೊಟ್ಟವರ ಹೆಸರು ಕೊರೆಸುತ್ತಾರಲ್ಲ, ಅಂಥ ಒಂದು ತಾಟನ್ನು ಸೆಟ್ಟಿಗೆ ಕಡಿಮೆ ಬಿತ್ತು ಅಂತ ನಮ್ಮ ಮನೆಯಿಂದಲೇ ಒಯ್ದಿದ್ದೆ. ನನ್ನ ಹೆಂಡತಿಯ ಅಣ್ಣ ಕೊಟ್ಟದ್ದು. ಅದು ಮೂಡಲಗಿಯ ಅಡುಗೆಮನೆಯಲ್ಲೂ ಬಂತು, ಹೆದ್ದಾರಿಯ ಲಾರಿ ಆಫೀಸಿನಲ್ಲೂ ಬಂತು. ಮರುದಿನ ಚಾನೆಲ್ಲಿಗೆ ಒಂದೇ ಸಮನೆ ಫೋನು. "ಅತ್ತಿಗೆ ಗೊತ್ತಾಗತೈತಿ ತಗೊರಿ, ತಾಟು ಗುಟ್ಟು ಬಿಟ್ಟುಕೊಟ್ಟೈತಿ," ಅಂತ ಹೆಂಗಸರು ಕುಣಿದಾಡುತ್ತಿದ್ದರು. ನನ್ನ ಭಾವಮೈದುನನಂತೂ ತನ್ನ ಹೆಸರು ಟೀವಿಯಲ್ಲಿ ಎರಡು ಸಲ ಬಂತು ಅಂತ ಓಣಿಗೆಲ್ಲ ಕರದಂಟು ಹಂಚಿದ.

ನಮ್ಮ ಡೈರೆಕ್ಟರ್ ಸಾಹೇಬರು ಮೈಸೂರು ಕಡೆಯವರು. ಸಿಟ್ಟು ಬಂದರೆ ಕನ್ನಡಕ ಒರೆಸುತ್ತಿದ್ದರು. ಅವತ್ತು ಅಷ್ಟು ಹೊತ್ತು ಒರೆಸಿದರು, ಗಾಜು ಸವೆಯಿತೇನೋ. ಕೊನೆಗೆ, "ಮಾನಪ್ಪ, ಈ ಜನ ಎಲ್ಲಾ ನೋಡ್ತಾರೆ ಕಣ್ರೀ. ಇವರ ಕಣ್ಣು ತಪ್ಪಿಸೋಕೆ ಆಗಲ್ಲ," ಅಂದರು. ಈ ಮಾತನ್ನು ಹುಡುಗಿಯರೇ, ನೀವು ಗಟ್ಟಿಯಾಗಿ ನೆನಪಿಡಿ. ಯಾಕೆಂದರೆ ನಾವಿಬ್ಬರೂ ಅದನ್ನು ಒಂದೇ ತಿಂಗಳಲ್ಲಿ ಮರೆತೆವು.

ಈಗ ರೊಟ್ಟಿಯ ಕಥೆ. ನಾಯಕಿಯನ್ನು ನಾವೆಲ್ಲ ಪಾತ್ರದ ಹೆಸರಿನಿಂದಲೇ ಗಿರಿಜಾ ಅನ್ನುತ್ತಿದ್ದೆವು. ಒಳ್ಳೆಯ ಹುಡುಗಿ, ಕಷ್ಟಪಡುವ ಹುಡುಗಿ, ಒಂದು ನಮೂನೆ ಲಾರಿ ಓಡಿಸುವುದನ್ನೂ ಕಲಿತಿದ್ದಳು. ಆದರೆ ಅವಳೂ ಮೈಸೂರು ಕಡೆಯವಳು. ಜೋಳದ ಹಿಟ್ಟು ಅವಳ ಮಾತು ಕೇಳಲಿಲ್ಲ. ಬಡಿದ ರೊಟ್ಟಿ ಒಂದು ಕಡೆ ಹರಿಯುತ್ತಿತ್ತು, ಇನ್ನೊಂದು ಕಡೆ ಕೈಗೇ ಅಂಟುತ್ತಿತ್ತು. ಹಂಚಿಗೆ ಹಾಕಲು ಹೋದರೆ ಅರ್ಧ ಒಲೆಗೆ ಬೀಳುತ್ತಿತ್ತು. ಅವಳಿಗೆ ಅಳುವೇ ಬಂತು. ರೊಟ್ಟಿ ಬಡಿಯಲು ಬರದ ಮೂಡಲಗಿ ಸೊಸೆಯನ್ನು ಯಾರು ನಂಬುತ್ತಾರೆ? ಸಾಹೇಬರು, ಕೈಗೆ ಮಾತ್ರ ಬೇರೆ ಯಾರನ್ನಾದರೂ ಕೂಡಿಸೋಣ ಅಂದರು. ಮುಖ ಗಿರಿಜಾಳದು, ಕೈ ಇನ್ನೊಬ್ಬಳದು. ಆ ಕೈ ಹುಡುಕುವ ಕೆಲಸ ಪ್ರಾಪರ್ಟಿಯವನ ಪಾಲಿಗೆ ಬಂತು!

ನಮ್ಮ ಊಟ ಬರುತ್ತಿದ್ದುದು ಮೂಡಲಗಿಯ ಒಂದು ಖಾನಾವಳಿಯಿಂದ. ಅಲ್ಲಿ ಕೌಜಲಗಿಯ ಶಾಂತವ್ವ ರೊಟ್ಟಿ ಬಡಿಯುತ್ತಿದ್ದಳು. ದಿನಾ ಬೆಳಿಗ್ಗೆ ಬಸ್ಸಿಗೆ ಬಂದು ಮಧ್ಯಾಹ್ನ ತಿರುಗಿ ಹೋಗುವ ಹೆಣ್ಣುಮಗಳು. ನಾನು ಅವಳ ಕೈ ನೋಡುತ್ತ ನಿಂತುಬಿಟ್ಟೆ. ಪರಾತವೆಂಬ ಅಗಲ ತಟ್ಟೆಯ ಮೇಲೆ ಹಿಟ್ಟಿನ ಮುದ್ದೆ ತಿರುಗುತ್ತ ತಿರುಗುತ್ತ ಹಿಗ್ಗುತ್ತಿತ್ತು. ರೊಟ್ಟಿ ಎತ್ತುವ ಮೊದಲು ಪರಾತದ ಅಂಚಿಗೆ ಎರಡು ಸಲ ಟಕ್ ಟಕ್ ಅಂತ ಕೈ ಬಡಿದು ಹಿಟ್ಟು ಜಾಡಿಸುತ್ತಿದ್ದಳು. ಪ್ರತಿ ರೊಟ್ಟಿಗೂ ಹಾಗೇ.

ವಿಷಯ ಹೇಳಿದೆ. ಅವಳ ಕಣ್ಣು ಅರಳಿತು, ಕೂಡಲೇ ಮುದುಡಿತು.

"ಕಾಕಾ, ನಮ್ಮತ್ತಿಗೆ ಗೊತ್ತಾದ್ರ ಮುಗೀತ್ರಿ. ದಿನಾ ಸಂಜಿಕ ಆ ಧಾರಾವಾಹಿ ಮುಂದ ಕುಂತು, ಕ್ಯಾಮೆರಾ ಮುಂದ ಕುಣಿಯೋರು ಸಂಸಾರಸ್ತರಲ್ಲ ಅಂತಾರ. ಖಾನಾವಳಿ ಕೆಲಸಾನೂ ಬಿಡಸ್ತಾರ."

"ಹಂಗಾರ ಬ್ಯಾಡ ಬಿಡವಾ," ಅಂದೆ.

ಅವಳು ಇನ್ನೊಂದು ರೊಟ್ಟಿ ಬಡಿದಳು. ಅದು ಹಂಚಿಗೆ ಹೋದ ಮೇಲೆ ಮಾತಾಡಿದಳು. "ಮದುವಿಯಾಗಿ ಬಂದಾಗಿಂದ ರೊಟ್ಟಿ ಬಡಿಯಾಕತ್ತೇನ್ರಿ. ತಿಂತಾರ, ಏಳತಾರ. ಬಡಿಯೋದನ್ನ ಯಾರೂ ನೋಡಿಲ್ಲ. ನೀವು ನೋಡಾಕಂತ ದೀಪಾ ಹಚ್ಚಿ ಕುಂಡ್ರತೀರಿ. ಮಾರಿ ತೋರಸಬ್ಯಾಡ್ರಿ ಅಷ್ಟ. ನಾ ಬರ್ತೇನಿ."

ಮೂವತ್ತು ನಮೂನೆ ಸಾಮಾನು ಹೊತ್ತು ತಿರುಗಿದವನಿಗೆ ಅವಳ ಮಾತು ತಿಳಿಯದೆ ಇರುತ್ತದೆಯೇ?

ಶಾಂತವ್ವ ಬಂದಳು. ಗಿರಿಜಾಳ ಕುಪ್ಪಸ, ಗಿರಿಜಾಳ ಹಸಿರು ಬಳೆ ತೊಟ್ಟು ಕೂತಳು. ದೀಪ ಹತ್ತಿತು, ಕೈ ಆಡಿತು, ಇಡೀ ಸೆಟ್ಟು ಉಸಿರು ಹಿಡಿದು ನೋಡಿತು. ಮನೆಯಲ್ಲಿ ಅತ್ತೆಗೆ, ಖಾನಾವಳಿಯಲ್ಲಿ ಆರ್ಡರು ಹೆಚ್ಚಾಗಿದೆ, ಬರುವುದು ಹೊತ್ತಾಗುತ್ತದೆ ಅಂತ ಹೇಳಿದಳಂತೆ. ಗಂಡ ಕಬ್ಬಿನ ಟ್ರ್ಯಾಕ್ಟರ್ ಹೊಡೆಯುವವನು. ಅವನಿಗೆ ಎಲ್ಲ ಗೊತ್ತಿತ್ತು, ಆದರೆ ಅವ್ವನ ಮುಂದೆ ಬಾಯಿ ಬಿಡುವ ಧೈರ್ಯ ಇರಲಿಲ್ಲ. ಹೀಗೆ ಧಾರಾವಾಹಿಯೊಳಗೆ ಒಬ್ಬಳು ಗಿರಿಜಾ ಅತ್ತೆಗೆ ಸುಳ್ಳು ಹೇಳಿ ಮನೆಯಿಂದ ಹೊರಟರೆ, ಹೊರಗೆ ಅವಳ ಕೈಯೂ ಬೇರೆ ಅತ್ತೆಗೆ ಸುಳ್ಳು ಹೇಳಿ ಹೊರಡತೊಡಗಿತು.

ಶಾಂತವ್ವನ ಅತ್ತೆಯ ಹೆಸರು ಗಂಗವ್ವ. ಹಣೆ ತುಂಬ ವಿಭೂತಿ, ಮಾತು ಖಡಕ್. ಎರಡೂ ಕಣ್ಣಿಗೆ ಪೊರೆ ಬಂದಿತ್ತು, ಆಪರೇಷನ್ ಅಂದರೆ ಸಾಕು, ಕಿವುಡಿಯಂತೆ ಕೂರುತ್ತಿದ್ದಳಂತೆ. ಟೀವಿ ಮಂಜು ಮಂಜಾಗಿ ಕಾಣುತ್ತಿತ್ತು, ಹಾಗಾಗಿ ಕೇಳುವುದೇ ಹೆಚ್ಚು. ಸೊಸೆಯನ್ನು ಬಾಜೂ ಕೂಡಿಸಿಕೊಂಡು, ಈಗ ಏನಾತು, ಈಗ ಯಾರು ಬಂದರು ಅಂತ ಕೇಳಿ ತಿಳಿದುಕೊಳ್ಳುವುದು. ಗಿರಿಜಾ ಸುಳ್ಳು ಹೇಳಿದಾಗೆಲ್ಲ, "ಎಂಥಾ ಸುಳ್ಳಬುರಕಿ ಇದು, ನಮ್ಮ ಮನಿ ಸೊಸಿ ಆಗಿದ್ರ ಕಾಲ ಮುರೀತಿದ್ದೆ," ಅನ್ನುವುದು. ಬಾಜೂ ಕೂತ ಶಾಂತವ್ವನ ಸ್ಥಿತಿ ನೀವೇ ಯೋಚನೆ ಮಾಡಿ. ಮರುದಿನ ಸೆಟ್ಟಿಗೆ ಬಂದು ಇದನ್ನೆಲ್ಲ ಹೇಳಿ, ಭಯವೋ ನಗುವೋ ತಿಳಿಯದೆ ಸೆರಗಿನಿಂದ ಬಾಯಿ ಮುಚ್ಚಿಕೊಳ್ಳುತ್ತಿದ್ದಳು.

ಆಗಿನ ಪದ್ಧತಿಯಲ್ಲಿ ರೊಟ್ಟಿ ಬಡಿಯುವಂಥ ಸಣ್ಣಪುಟ್ಟ ಸಪ್ಪಳವನ್ನು ಸೆಟ್ಟಿನಲ್ಲಿ ಹಿಡಿಯುತ್ತಿರಲಿಲ್ಲ. ಆಮೇಲೆ ಬೆಂಗಳೂರಿನ ಸ್ಟುಡಿಯೋದಲ್ಲಿ ಯಾರೋ ಒದ್ದೆ ಅರಿವೆ ಬಡಿದು ರೊಟ್ಟಿಯ ಸಪ್ಪಳ ಅಂತ ಸೇರಿಸುತ್ತಿದ್ದರು. ಕೇಳಿದರೆ ಯಾರೋ ಹಳ್ಳದಲ್ಲಿ ಬಟ್ಟೆ ಒಗೆಯುತ್ತಿದ್ದಾರೆ ಅನ್ನಿಸಬೇಕು! ನನಗೆ ಮೈ ಉರಿಯುತ್ತಿತ್ತು. ಹೊಸದಾಗಿ ಬಂದ ಸೌಂಡ್ ರೆಕಾರ್ಡಿಸ್ಟು ಒಳ್ಳೆಯ ಮೈಕುಗಳನ್ನು ತಂದಿದ್ದ. ಅವನನ್ನು ಕಾಡಿ ಬೇಡಿ ಒಲೆಯ ಮಗ್ಗುಲಿಗೆ ಒಂದು ಮೈಕು ಇಡಿಸಿದೆ. ಶಾಂತವ್ವ ಬಡಿದಳು. ಅವನು ಹೆಡ್‌ಫೋನ್ ನನ್ನ ಕಿವಿಗೆ ಹಾಕಿದ. ಪಟ ಪಟ ಪಟ ಪಟ, ಬಳೆಯ ಸಣ್ಣ ಕಿಣಿಕಿಣಿ, ಕೊನೆಗೆ ಟಕ್ ಟಕ್. ಅಬ್ಬಾ! ಕುಣಿದುಬಿಟ್ಟೆ ನಾನು. ಸಾಹೇಬರೂ ಕೇಳಿ, ಇದೇ ಇರಲಿ ಅಂದರು. ತಾಟಿನ ಪಾಠ ಇಬ್ಬರಿಗೂ ನೆನಪಾಗಲಿಲ್ಲ. ಕಣ್ಣು ತಪ್ಪಿಸಲು ಆಗದ ಜನರ ಕಿವಿ ಹೇಗಿರಬಹುದು ಅಂತ ಒಬ್ಬರೂ ಯೋಚಿಸಲಿಲ್ಲ.

ಆ ಕಂತು ಬಂದ ಮರುದಿನ ಶಾಂತವ್ವ ಬಿಳಿಚಿದ ಮುಖ ಹೊತ್ತು ಸೆಟ್ಟಿಗೆ ಬಂದಳು.

"ಕಾಕಾ, ನಿನ್ನಿ ರೊಟ್ಟಿ ಬಡಿಯೋದು ಬಂತ್ರಿ. ನಮ್ಮತ್ತಿ ಬೈಯೋದು ನಿಲ್ಲಿಸಿ ಕುತಿಗಿ ಹಿಂಗ ವಾರಿ ಮಾಡಿದ್ರು. ಏನೂ ಅನಲಿಲ್ಲ. ಊಟಾ ಎಲ್ಲಾ ಆದಮ್ಯಾಲ, ಇನ್ನೊಂದ ರೊಟ್ಟಿ ಬಡಿ ಅಂದ್ರು."

"ಹಸಿವಿ ಆಗಿತ್ತೇನ?"

"ಇಲ್ರಿ. ಬಡದೆ. ಕಣ್ಣ ಮುಚ್ಚಿ ಕೇಳಿದ್ರು. ರೊಟ್ಟಿ ತಿನ್ನಲಿಲ್ಲ, ಹೋಗಿ ಮಲಗಿಬಿಟ್ರು."

ಅವಳಿಗೆ ಇದ್ದದ್ದು ಆ ಒಂದು ಕೆಲಸ, ಆ ಬಸ್ಸು, ಆ ಹೊರಗಿನ ಗಾಳಿ. ಎಲ್ಲ ಹೋಗುತ್ತದಲ್ಲ ಅಂತ ಸಂಕಟವಾಯಿತು. ಇವತ್ತು ಬೇಡ, ಖಾನಾವಳಿಗೆ ಹೋಗು ಅಂದೆ. ಅವಳು ಕೇಳಲಿಲ್ಲ. ಇವತ್ತೊಂದು ದಿನ ಬಡಿಯುತ್ತೇನೆ, ನಾಳೆ ಬಿಡುತ್ತಾರೋ ಇಲ್ಲವೋ ಅಂತ ಬಳೆ ತೊಟ್ಟು ಕೂತಳು.

ಶಾಟ್ ನಡೆದಿತ್ತು. ಹೊರಗೆ ಟಮಟಮ್ ಆಟೋ ನಿಂತ ಸದ್ದು. ನಮ್ಮವರು ತಡೆಯುವುದರೊಳಗೆ ಗಂಗವ್ವ ನೆರೆಮನೆಯವಳ ಕೈ ಹಿಡಿದು ಶೂಟಿಂಗ್ ಮನೆಯ ಪಡಸಾಲೆಗೆ ಬಂದೇಬಿಟ್ಟಳು. ಯಾರನ್ನೂ ಕೇಳಲಿಲ್ಲ, ಸಪ್ಪಳದ ದಾರಿ ಹಿಡಿದು ಸೀದಾ ಒಲೆಯ ಕಡೆ ಬಂದಳು. ಶಾಂತವ್ವನ ಕೈ ಪರಾತದ ಮೇಲೆ ನಿಂತಿತು.

"ಯಾಕ ನಿಲ್ಲಿಸಿದಿ? ರೊಟ್ಟಿ ಅರ್ಧಕ್ಕ ಬಿಡತಾರೇನು? ಮುಗಸು," ಅಂದಳು ಗಂಗವ್ವ.

ಶಾಂತವ್ವ ಬಡಿದು ಮುಗಿಸಿದಳು. ಟಕ್ ಟಕ್.

"ಇದ ನೋಡು," ಗಂಗವ್ವನ ದನಿ ಏರಿತು. "ನನ್ನ ಬಾಜೂ ಕುಂತು ಆ ಸುಳ್ಳಬುರಕಿನ್ನ ನನ್ನ ಕಡಿಂದ ಬೈಸಿದಿಯಲ್ಲಾ, ನೀನೇನು ಕಮ್ಮಿ ಅದಿ? ಕಾಯಕಾ ಮಾಡಿದ್ದಕ್ಕ ನನಗ ಸಿಟ್ಟಿಲ್ಲ. ಮುಚ್ಚಿಟ್ಟಿದ್ದಕ್ಕ ಸಿಟ್ಟ ಐತಿ."

"ತಪ್ಪಾತ್ರಿ ಅತ್ತಿ," ಅಂದಳು ಶಾಂತವ್ವ. ಕಣ್ಣಲ್ಲಿ ನೀರು.

ನಾನು ಮುಂದೆ ಹೋಗಿ ಕೈ ಮುಗಿದೆ. "ಯವ್ವಾ, ಆಕಿದೇನೂ ತಪ್ಪಿಲ್ರಿ. ಕರದಾಂವ ನಾನು. ಮಾರಿ ಎಲ್ಲೂ ತೋರಿಸಿಲ್ರಿ, ಬರೇ ಕೈ."

ಸಮಾಧಾನ ಮಾಡಲು ಹೇಳಿದ ಮಾತು. ಅದೇ ಬೆಂಕಿಗೆ ಎಣ್ಣೆಯಾಯಿತು. ಗಂಗವ್ವ ನನ್ನ ಕಡೆ ತಿರುಗಿದಳು.

"ಅದನ್ನ ಕೇಳಾಕ ಬಂದೇನಿ ನಾ! ಊರಮಂದಿ ಎಲ್ಲಾ ಗಿರಿಜಾ ಎಷ್ಟ ಚಂದ ರೊಟ್ಟಿ ಬಡೀತಾಳ ಅಂತಾರ. ನಾನೂ ಅಂದೇನಿ, ನನ್ನ ಬಾಯಿಗಿಷ್ಟು ಮಣ್ಣು! ಹಿಟ್ಟು ಜಾಡಸೋದನ್ನ ಇಕಿಗೆ ಕಲಿಸಿದಾಕಿ ನಾನು. ರೊಟ್ಟಿ ನಮ್ಮ ಮನಿದು, ಹೆಸರು ಆಕಿದು? ನಮ್ಮ ಸೊಸಿಗೇನು ಮಾರಿ ಇಲ್ಲೇನ್ರಿ?"

ಶಾಂತವ್ವ ಬೆರಗಾಗಿ ಅತ್ತೆಯನ್ನೇ ನೋಡುತ್ತಿದ್ದಳು. ಸಾಹೇಬರ ಕಡೆ ನೋಡಿದೆ. ಅವರು ಕನ್ನಡಕ ಒರೆಸುತ್ತಿರಲಿಲ್ಲ, ಹೊಳೆಯುವ ಕಣ್ಣಲ್ಲಿ ಗಂಗವ್ವನ ಹತ್ತಿರ ಬಂದು ನೆಲದ ಮೇಲೇ ಕೂತರು.

"ಅಮ್ಮ, ನಿಮಗೆ ಹೇಗೆ ಗೊತ್ತಾಯ್ತು? ಕಣ್ಣು ಕಾಣಲ್ಲ ಅಂತೀರಿ."

"ಕಿವಿ ಅದಾವಲ್ರಿ ಸಾಹೇಬ್ರ. ದಿನಾ ಕೇಳೋ ಕೈ ಗೊತ್ತಾಗಂಗಿಲ್ಲೇನು?"

ಸಾಹೇಬರು ಎದ್ದು ನಿಂತು ಎರಡೂ ಕೈ ತಟ್ಟಿದರು. "ಮಾನಪ್ಪ, ಸಿಕ್ತು ಕಣ್ರೀ! ಸಿಕ್ತು!"

ಏನು ಸಿಕ್ಕಿತೆಂದರೆ, ಧಾರಾವಾಹಿಯ ಅತ್ತೆಗೆ ಗಿರಿಜಾಳ ಗುಟ್ಟು ಹೇಗೆ ಗೊತ್ತಾಗಬೇಕು ಅಂತ ಅವರು ವಾರಗಟ್ಟಲೆ ತಲೆ ಕೆಡಿಸಿಕೊಂಡಿದ್ದರು. ಫೋಟೋ ಸಿಗಬೇಕೋ, ಯಾರಾದರೂ ಚಾಡಿ ಹೇಳಬೇಕೋ? ಈಗ ಉತ್ತರ ಒಲೆಯ ಮುಂದೆ ಬಂದು ನಿಂತಿತ್ತು. ಅತ್ತೆ ಯಾವುದೋ ಊರಿಗೆ ಹೊರಟು ಕಣಗಲಾ ಹತ್ತಿರ ದಣಿವಾರಿಸಲು ಲಾರಿ ಆಫೀಸಿನ ಹೊರಗೆ ಕೂರುತ್ತಾಳೆ. ಒಳಗೆ ರೂಪಾ, ಅಂದರೆ ಗಿರಿಜಾಳೇ, ಡ್ರೈವರುಗಳಿಗೆ ರೊಟ್ಟಿ ಬಡಿಯುತ್ತಿರುತ್ತಾಳೆ. ಅತ್ತೆಯ ಕಿವಿಗೆ ಸಪ್ಪಳ ಬೀಳುತ್ತದೆ.

ಆದರೆ ಅಲ್ಲೊಂದು ತೊಡಕಿತ್ತು. ಮುಖ ಬೇಕು ಅಂತ ಗಂಗವ್ವ ಹಟ ಹಿಡಿದಿದ್ದಳು. ಮುಖ ತೋರಿಸಿದರೆ ಶಾಂತವ್ವ ಗಿರಿಜಾಳ ಕೈ ಆಗಿ ಉಳಿಯುವುದು ಹೇಗೆ? ಇದಕ್ಕೆ ಉತ್ತರ ಕೊಟ್ಟವಳು ನಮ್ಮ ನಾಯಕಿ. ಶೂಟಿಂಗಿನ ನಡುವೆ ಬಿಡುವು ಸಿಕ್ಕಾಗಲೆಲ್ಲ ಶಾಂತವ್ವನ ಮಗ್ಗುಲಲ್ಲಿ ಕೂತು ಕಲಿಯುತ್ತಿದ್ದಳು, ನಾವು ಯಾರೂ ಅದನ್ನು ಲೆಕ್ಕಕ್ಕೆ ಹಿಡಿದಿರಲಿಲ್ಲ. "ಸರ್, ಈ ಸೀನಿನಲ್ಲಿ ನಾನೇ ಬಡಿತೀನಿ. ಶಾಂತಕ್ಕ ಆ ಆಫೀಸಿನ ಅಡುಗೆಯವಳಾಗಿ ನನ್ನ ಪಕ್ಕ ಕೂತ್ಕೊಳ್ಳಲಿ," ಅಂದಳು.

ಕಣಗಲಾದಲ್ಲಿ ಶೂಟಿಂಗ್. ಹುಡುಗಿಯರೇ, ಆ ದಿನದ ಸಡಗರ ಹೇಗೆ ಹೇಳಲಿ! ಹೆದ್ದಾರಿಯ ಗದ್ದಲದಲ್ಲಿ ರೊಟ್ಟಿಯ ಸಪ್ಪಳ ಹಿಡಿಯಬೇಕು. ಡಾಬಾದ ಮುಂದೆ ನಿಂತ ಲಾರಿಗಳ ಡ್ರೈವರುಗಳಿಗೆ ನಾನು ಒಬ್ಬೊಬ್ಬರಿಗೂ ಕೈ ಮುಗಿದು ಎಂಜಿನ್ ಬಂದ್ ಮಾಡಿಸಿದೆ. ಎರಡು ಮನೆ ಗಿರಿಜಾ ಅಂದ ಕೂಡಲೇ ಅವರೇ ಇಳಿದು ಬಂದು ಗುಂಪು ಚದುರಿಸಿದರು. ನೀಲಿ ಟ್ರಂಕಿನ ಸಾಮಾನೆಲ್ಲ ಜೋಡಿಸಿದೆ. ಮೊದಲ ಬಾರಿಗೆ ಕೆಂಪು ಟ್ರಂಕಿನ ಪರಾತವನ್ನು ಬೇಕೆಂದೇ ನೀಲಿ ಮನೆಯಲ್ಲಿಟ್ಟೆ.

ಬರೆದಿಟ್ಟದ್ದರ ಪ್ರಕಾರ ಅತ್ತೆ ಒಳಗೆ ನುಗ್ಗಿ ಕೂಗಾಡಿ ಗಿರಿಜಾಳ ಕೆನ್ನೆಗೆ ಹೊಡೆಯಬೇಕಿತ್ತು. ಕ್ಯಾಮೆರಾದ ಹಿಂದೆ ಕುರ್ಚಿ ಹಾಕಿಸಿಕೊಂಡು ಕೂತಿದ್ದ ಗಂಗವ್ವ ರಿಹರ್ಸಲ್ ಕೇಳಿ ಮುಖ ಕಿವುಚಿದಳು. "ಹಂಗ ಯಾರು ಮಾಡತಾರ್ರಿ? ಒಲಿ ಮುಂದ ಕುಂತಾಕಿಗೆ ಹೊಡೀತಾರೇನು? ನಾ ಹೊಡದ್ನೇನು?" ಸಾಹೇಬರು ಮತ್ತೇನು ಮಾಡಬೇಕು ಅಂತ ಕೇಳಿದರು. "ಸುಮ್ಮ ಒಳಗ ಹೋಗೂದು. ಕುಂಡ್ರೂದು. ಹಸದ ಬಂದೇನಿ, ಹಾಕು ಅನ್ನೂದು. ಬೈಗಳಾ ಉಂಡಮ್ಯಾಲ."

ಪುಟಗಟ್ಟಲೆ ಮಾತನ್ನು ಸಾಹೇಬರು ಅಲ್ಲೇ ಹೊಡೆದುಹಾಕಿದರು. ಅತ್ತೆಯ ಪಾತ್ರದ ಹಿರಿಯ ನಟಿ ಒಳಗೆ ಬಂದು ಕೂತು, ಹಸದ ಬಂದೇನಿ, ಹಾಕು ಅಂದಾಗ ಗಿರಿಜಾ ಬಡಿಯುವುದನ್ನೇ ಮರೆತಳು. ಬಾಜೂ ಕೂತ ಶಾಂತವ್ವ ಕಥೆಯಲ್ಲಿ ಇಲ್ಲದಿದ್ದರೂ ತಾನೇ ಒಂದು ಬಿಸಿ ರೊಟ್ಟಿ ತೆಗೆದು ತಾಟಿಗೆ ಹಾಕಿದಳು. ಕ್ಯಾಮೆರಾ ಆ ಕೈಯಿಂದ ಮೇಲೇರಿ ಅವಳ ಮುಖಕ್ಕೆ ಬಂತು, ಅಲ್ಲೇ ನಿಂತಿತು. ಸಾಹೇಬರು ಕಟ್ ಅಂದರು. ಹಿಂದಿನಿಂದ ಗಂಗವ್ವನ ದನಿ ಬಂತು. "ಬಡದದ್ದು ನಮ್ಮಾಕಿ ಅಲ್ಲ. ಆದ್ರ ನಮ್ಮಾಕಿ ಕಲಿಸಿದ್ದ ಐತಿ." ನಾಯಕಿ ಓಡಿಬಂದು ಆ ಮುದುಕಿಯ ಕಾಲಿಗೆ ಬಿದ್ದಳು.

ಆ ಕಂತು ಬಂದ ಸಂಜೆ ನನ್ನನ್ನು ಕೌಜಲಗಿಯ ಗಂಗವ್ವನ ಮನೆಗೆ ಊಟಕ್ಕೆ ಕರೆದಿದ್ದರು. ಪಡಸಾಲೆ ತುಂಬ ಓಣಿಯ ಮಂದಿ. ಟ್ರ್ಯಾಕ್ಟರ್ ನಿಲ್ಲಿಸಿ ಬಂದ ಮಗ ಬಾಗಿಲಲ್ಲಿ ನಿಂತಿದ್ದ. ನಾನು ಮುಂದಿನ ಸಾಲಿನಲ್ಲೇ ಕೂತಿದ್ದೆ. ಕಣಗಲಾದಲ್ಲಿ ಅಷ್ಟು ಮುತುವರ್ಜಿಯಿಂದ ಜೋಡಿಸಿದ ಸಾಮಾನು ಹೇಗೆ ಕಾಣುತ್ತದೆ ಅಂತ ನೋಡುವ ತವಕ ನನಗೆ.

ಸಪ್ಪಳ ಬಂತು. ಪಟ ಪಟ ಪಟ, ಟಕ್ ಟಕ್. ಗಂಗವ್ವ ಸೊಸೆಯ ಮೊಣಕೈ ತಿವಿದಳು.

"ಬಂದಿಯೇನ? ನಿನ್ನ ಮಾರಿ ಬಂತೇನ?"

"ಈಗ ಬಂತ್ರಿ ಅತ್ತಿ."

"ಹೆಂಗ ಕಾಣತಿ?"

ಶಾಂತವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಗಂಗವ್ವ ನೆಲಕ್ಕೆ ಕೈಯೂರಿ ಎದ್ದಳು, ತಡಕಾಡುತ್ತ ಹೋಗಿ ಟೀವಿಗೆ ಮೂಗು ಹತ್ತಿಸಿ ನಿಂತಳು. ಗಾಜಿನ ಮೇಲೆ ಎರಡೂ ಅಂಗೈ. ಹಿಂದೆ ಕೂತ ನಮಗ್ಯಾರಿಗೂ ಏನೂ ಕಾಣಲಿಲ್ಲ. ನನ್ನ ನೀಲಿ ಟ್ರಂಕಿನ ಸಾಮಾನು ಕಾಣಲಿಲ್ಲ, ಕೆಂಪು ಟ್ರಂಕಿನ ಪರಾತ ಕಾಣಲಿಲ್ಲ. ಗಂಗವ್ವನ ಬೆನ್ನು, ಅದರ ಎರಡು ಮಗ್ಗುಲಿಗೆ ಸ್ವಲ್ಪ ಬೆಳಕು, ಇಷ್ಟೇ.

"ಐತಿ," ಅಂದಳು ಗಂಗವ್ವ, ಹಿಂದೆ ತಿರುಗದೆ. "ನಮ್ಮಾಕಿ ಮಾರಿನ ಐತಿ. ಮೂಗುತಿ ಸುದ್ದಾ ಕಾಣಾಕತ್ತೈತಿ."